ಗಾಲಿ ನಿಲ್ಲದ ತಿರುವು

ಗರಗರ ಎಂದು ದೂರದಿಂದ ಬರುತ್ತಿದ್ದ ಸದ್ದು ಹೊಳಪು ಕಲ್ಲಿನ ನೆಲ ಮುಟ್ಟಿದೊಡನೆ ಸರಸರ ಎಂದಾಯಿತು. ಆಮೇಲೆ ನಿಂತೇಹೋಯಿತು.

ಕಂಬಕ್ಕೆ ಬೆನ್ನು ಕೊಟ್ಟು ಕಣ್ಣು ಮುಚ್ಚಿ ನಿಂತಿದ್ದ ಬಾಲಂಗೋಚಿ ಕಿವಿ ನಿಮಿರಿಸಿದಳು. ಪೆಟ್ಟಿಗೆಯ ಗಾಲಿ ಉರುಳುತ್ತಿದ್ದರೆ ಅದನ್ನು ಎಳೆಯುವವರಿಗೆ ದಾರಿ ಗೊತ್ತಿದೆ ಎಂದರ್ಥ. ಗಾಲಿ ನಿಂತಿತೆಂದರೆ ದಾರಿ ತಿಳಿಯದೆ ತಲೆ ಎತ್ತಿ ಹುಡುಕುತ್ತಿದ್ದಾರೆ ಎಂದರ್ಥ. ಅವಳು ಇಷ್ಟು ವರ್ಷ ಕಲಿತ ವಿದ್ಯೆಯನ್ನೆಲ್ಲ ಹಿಂಡಿದರೆ ಬರುವ ರಸ ಇಷ್ಟೇ. ಅದಕ್ಕೇ ಅವಳು ಇಂಥ ದಿನಗಳಲ್ಲಿ ಕಣ್ಣನ್ನು ನಂಬುತ್ತಿರಲಿಲ್ಲ, ಮೈಯೆಲ್ಲ ಕಿವಿಯಾಗಿ ನಿಲ್ಲುತ್ತಿದ್ದಳು.

ಇನ್ನೊಂದು ಪೆಟ್ಟಿಗೆ ಬಂತು. ನಿಂತಿತು. ಅದರ ಹಿಂದೆ ಮತ್ತೊಂದು, ಅದೂ ನಿಂತಿತು. ಕಣ್ಣು ತೆರೆದಾಗ ತಿರುವಿನಲ್ಲಿ ಸಂತೆಯೇ ಸೇರಿತ್ತು.

ಹೊಸ ವಿಮಾನ ನಿಲ್ದಾಣ ಇನ್ನೂ ತೆರೆದಿರಲಿಲ್ಲ. ಬಣ್ಣದ ವಾಸನೆ ಆರಿರಲಿಲ್ಲ. ಕುರ್ಚಿಗಳಿಗೆ ಸುತ್ತಿದ್ದ ಪ್ಲಾಸ್ಟಿಕ್ ಕೂಡ ಅರ್ಧದಷ್ಟು ಹಾಗೇ ಇತ್ತು. ಆ ದಿನ ನಡೆಯುತ್ತಿದ್ದುದು ಪರೀಕ್ಷೆ. ಊರಿನ ಜನರನ್ನು ಕರೆಸಿ, ಕೈಗೊಂದು ಸುಳ್ಳು ಟಿಕೆಟ್ಟು, ಎಳೆಯಲೊಂದು ಪೆಟ್ಟಿಗೆ ಕೊಟ್ಟು, ನಿಮ್ಮ ವಿಮಾನ ಹಿಡಿಯಿರಿ ನೋಡೋಣ ಎಂದು ಒಳಗೆ ಬಿಟ್ಟಿದ್ದರು. ಹಾರುವ ವಿಮಾನ ಒಂದೂ ಇರಲಿಲ್ಲ. ಹೊರಗೆ ಸುಮ್ಮನೆ ನಿಲ್ಲಿಸಿದ್ದ ಕೆಲವು ಮಾತ್ರ ಇದ್ದವು. ಆದರೂ ಬಂದವರೆಲ್ಲ ನಿಜವಾಗಿ ಎಲ್ಲಿಗೋ ಹೊರಟವರಂತೆ ತಲೆ ಬಾಚಿಕೊಂಡು, ಒಳ್ಳೆಯ ಬಟ್ಟೆ ಹಾಕಿಕೊಂಡು ಬಂದಿದ್ದರು. ಒಬ್ಬರಂತೂ ಕುತ್ತಿಗೆಗೆ ಹಾಕಿಕೊಳ್ಳುವ ದಿಂಬನ್ನೂ ತಂದಿದ್ದರು.

ಅವಳ ಕೆಲಸ ಏನೆಂದು ನೆಂಟರು ಕೇಳಿದರೆ ಒಂದು ಮಾತಿನಲ್ಲಿ ಹೇಳಲು ಅವಳಿಗೆ ಬರುತ್ತಿರಲಿಲ್ಲ. ನಿಲ್ದಾಣದ ಗೋಡೆ ಕಟ್ಟುವವರು ಬೇರೆ, ವಿಮಾನ ಹಾರಿಸುವವರು ಬೇರೆ. ಒಳಗೆ ಬಂದ ಮನುಷ್ಯ ಬಾಗಿಲಿನಿಂದ ತನ್ನ ವಿಮಾನದವರೆಗೆ ಯಾರನ್ನೂ ಕೇಳದೆ, ಗಾಬರಿಯಾಗದೆ, ಹೋದ ದಾರಿಯಲ್ಲೇ ಮರಳಿ ಬಾರದೆ ಹೇಗೆ ನಡೆದುಹೋಗಬೇಕು ಎಂದು ಯೋಚಿಸುವವಳು ಅವಳು. ಗೋಡೆ ಎಲ್ಲಿ ಬಾಗಬೇಕು, ಬೆಳಕು ಎಲ್ಲಿಂದ ಬೀಳಬೇಕು, ನೆಲದ ಬಣ್ಣ ಎಲ್ಲಿ ಬದಲಾಗಬೇಕು, ಬೋರ್ಡು ಎಲ್ಲಿರಬೇಕು, ಅದಕ್ಕಿಂತ ಹೆಚ್ಚಾಗಿ ಎಲ್ಲಿರಬಾರದು, ಇವೆಲ್ಲ ಅವಳ ತಲೆನೋವು. "ಅಂದ್ರೆ ಬಾಣದ ಗುರುತು ಹಾಕ್ತೀಯಾ" ಎಂದು ಅವಳ ಮಾವ ಒಮ್ಮೆ ಕೇಳಿದ್ದರು. ಬಾಣ ಹಾಕಬೇಕಾಗಿ ಬಂದರೆ ನಾನು ಸೋತೆ ಅಂತ ಲೆಕ್ಕ ಎಂದು ಅವಳು ಹೇಳಿದ್ದಳು. ಮಾವನಿಗೆ ಅರ್ಥವಾಗಿರಲಿಲ್ಲ. ಆದರೂ ಅಂದಿನಿಂದ ಎಲ್ಲಿ ಬಾಣದ ಗುರುತು ಕಂಡರೂ ಅಲ್ಲಿ ಯಾರೋ ಸೋತಿದ್ದಾರೆಂದು ಹೆಂಡತಿಗೆ ತೋರಿಸುತ್ತಿದ್ದರು.

ಬಾಲಂಗೋಚಿ ಎಂಬುದು ಮನೆಯಲ್ಲಿ ಬಿದ್ದ ಹೆಸರು, ಬಿದ್ದದ್ದು ದೊಡ್ಡಮ್ಮನ ದೆಸೆಯಿಂದ.

ತಾಯಿ ಆಸ್ಪತ್ರೆಯಲ್ಲಿ ನರ್ಸು. ಪಾಳಿಯ ಮೇಲೆ ಪಾಳಿ. ಹಾಗಾಗಿ ಹುಡುಗಿ ಬೆಳೆದದ್ದು ಪಕ್ಕದ ಮನೆಯಲ್ಲೇ ಇದ್ದ ದೊಡ್ಡಮ್ಮನ ಹೊಲಿಗೆ ಮಿಷನ್ನಿನ ಕೆಳಗೆ, ಕತ್ತರಿಸಿ ಬಿದ್ದ ಚೂರು ಬಟ್ಟೆಗಳ ರಾಶಿಯಲ್ಲಿ. ದೊಡ್ಡಮ್ಮನ ಕೈ ಎಂಥದ್ದೆಂದರೆ ಎದುರು ನಿಂತವರ ಭುಜವನ್ನು ಒಮ್ಮೆ ನೋಡಿದರೆ ಸಾಕು, ಟೇಪು ಹಿಡಿಯದೆ ರವಿಕೆಯ ತೋಳು ಕತ್ತರಿಸಿ ಬಿಡುತ್ತಿದ್ದಳು. ಆದರೆ ಮನೆಯ ಹೊಸ್ತಿಲು ದಾಟಿದಳೋ, ದಿಕ್ಕೆಂಬುದು ಅವಳ ಪಾಲಿಗೆ ಸತ್ತುಹೋಗುತ್ತಿತ್ತು. ಅಂಗಡಿಗೆ ಹೋದರೆ ಹಿಂದಿನ ಬಾಗಿಲಿನಿಂದ ಹೊರಬಂದು ಬೇರೆ ಬೀದಿಯಲ್ಲಿ ನಿಲ್ಲುತ್ತಿದ್ದಳು. ಬಸ್ಸಿನಿಂದ ಇಳಿದರೆ ಬಸ್ಸು ಬಂದ ಕಡೆಗೇ ನಡೆಯುತ್ತಿದ್ದಳು. ಯಾರದೋ ಮದುವೆಗೆಂದು ಹೊರಟು ಇನ್ಯಾರದೋ ಮದುವೆಯಲ್ಲಿ ಊಟ ಮುಗಿಸಿ, ಅಲ್ಲಿನ ಹೆಣ್ಣಿನ ರವಿಕೆ ಭುಜದ ಹತ್ತಿರ ಸರಿ ಕೂತಿಲ್ಲವೆಂದು ಸೂಜಿ ದಾರ ತರಿಸಿ ಹೊಲಿದುಕೊಟ್ಟು ಬಂದಿದ್ದಳು. ಹೀಗಾಗಿ ಅವಳು ಎಲ್ಲಿಗೆ ಹೊರಟರೂ ಹುಡುಗಿಯನ್ನು ಹಿಂದೆ ಕಳಿಸುತ್ತಿದ್ದರು. ಗಾಳಿಪಟಕ್ಕೆ ಬಾಲಂಗೋಚಿ ಇಲ್ಲದಿದ್ದರೆ ತಲೆ ಕೆಳಗಾಗಿ ಬೀಳುತ್ತದೆ ಎನ್ನುತ್ತಿದ್ದ ದೊಡ್ಡಪ್ಪನ ಬಾಯಿಂದ ಆ ಹೆಸರು ಬಂದದ್ದು, ಹೋಗಲೇ ಇಲ್ಲ.

ತಾಯಿಗೆ ಊಟದ ಡಬ್ಬಿ ಒಯ್ಯುವುದು ದೊಡ್ಡಮ್ಮನ ಕೆಲಸ. ಆಸ್ಪತ್ರೆಯೋ, ಒಂದರಂತೆ ಇನ್ನೊಂದು ಓಣಿ, ಎಲ್ಲದಕ್ಕೂ ಅದೇ ಹಸಿರು ಬಣ್ಣ, ಅದೇ ಫಿನಾಯಿಲಿನ ವಾಸನೆ. ತಲೆಯ ಮೇಲೆ ಬೋರ್ಡುಗಳು ಒಗೆದ ಬಟ್ಟೆಯಂತೆ ತೂಗುತ್ತಿದ್ದವು. ದೊಡ್ಡಮ್ಮ ಪ್ರತಿ ಬೋರ್ಡನ್ನೂ ನಿಂತು ಓದುತ್ತಿದ್ದಳು, ಓದಿ ಮುಗಿಸುವಷ್ಟರಲ್ಲಿ ಬಂದದ್ದು ಎಲ್ಲಿಂದ ಎಂಬುದು ಮರೆಯುತ್ತಿತ್ತು. ಒಂದು ದಿನ ಹುಡುಗಿ ಒಂದು ಹಿಡಿ ಕೆಂಪು ಚಿಂದಿ ತಂದು, ದಾರಿಯುದ್ದಕ್ಕೂ ಬಾಗಿಲ ಹಿಡಿಕೆಗಳಿಗೆ, ಕಂಬಿಗಳಿಗೆ, ಕಿಟಕಿಯ ಸರಳಿಗೆ ಕಟ್ಟಿದಳು. ಮರುದಿನ ಬಂದು ನೋಡಿದರೆ ಗುಡಿಸುವವರು ಎಲ್ಲವನ್ನೂ ಕಿತ್ತು ಹಾಕಿದ್ದರು. ಓಣಿ ಬಾಗುವಲ್ಲಿನ ದೊಡ್ಡ ಕಿಟಕಿಯ ಮೇಲಿನದು ಮಾತ್ರ ಕೈಗೆ ಎಟುಕದೆ ಉಳಿದಿತ್ತು. ದೊಡ್ಡಮ್ಮ ಡಬ್ಬಿ ಹಿಡಿದು ನೇರ ಆ ಕಿಟಕಿಯ ಕಡೆ ನಡೆದಳು, ಅಲ್ಲಿಂದ ತಿರುಗಿದಳು, ತಂಗಿಯ ವಾರ್ಡಿನ ಮುಂದೆ ಹೋಗಿ ನಿಂತಳು. ಯಾರನ್ನೂ ಕೇಳಲಿಲ್ಲ.

ಚಿಂದಿ ನೋಡಿದೆಯಾ ಎಂದು ಹುಡುಗಿ ಕೇಳಿದಾಗ, ಯಾವ ಚಿಂದಿ ಎಂದಿದ್ದಳು ದೊಡ್ಡಮ್ಮ. ಅವಳು ನೋಡಿದ್ದು ಕಿಟಕಿಯ ಬೆಳಕನ್ನು. ಜೀವಮಾನವೆಲ್ಲ ಸೂಜಿಗೆ ದಾರ ಪೋಣಿಸಲು ಬೆಳಕಿನ ಕಡೆ ತಿರುಗಿ ಕೂತವಳು. ಹಿಂದಿನ ದಿನ ಹುಡುಗಿ ಚಿಂದಿ ಕಟ್ಟಲು ಹತ್ತಿದ್ದ ಬೀರು ಅಲ್ಲಿಯವರೆಗೆ ಆ ಕಿಟಕಿಗೆ ಅಡ್ಡವಾಗಿತ್ತು, ಅಂದು ಬೆಳಗ್ಗೆ ಅದನ್ನು ಯಾರೋ ಸರಿಸಿದ್ದರು, ಅಷ್ಟೇ. ಹುಡುಗಿಗೆ ತನ್ನ ಚಿಂದಿ ದಂಡವಾಯಿತೆಂಬ ಬೇಸರಕ್ಕಿಂತ ದೊಡ್ಡದೊಂದು ಖುಷಿ ಹೊಟ್ಟೆಯೊಳಗಿಂದ ಎದ್ದು ಬಂತು. ಒಂದು ಬೀರು ಸರಿಸಿದರೆ ದೊಡ್ಡಮ್ಮನಿಗೆ ದಾರಿ ಸಿಗುತ್ತದೆ! ಅಂದಿನಿಂದ ಅವಳು ಕಂಡ ಕಂಡ ಕಟ್ಟಡಗಳಲ್ಲೆಲ್ಲ ಯಾವ ಬೀರು ಸರಿಸಬೇಕೆಂದು ಹುಡುಕುತ್ತಲೇ ಬೆಳೆದಳು.

ಓದಿದಳು, ಕೆಲಸಕ್ಕೆ ಸೇರಿದಳು, ಬಸ್ ನಿಲ್ದಾಣ, ಆಸ್ಪತ್ರೆ, ಗ್ರಂಥಾಲಯ ಎಂದು ಸುತ್ತಿ ಕೊನೆಗೆ ವಿಮಾನ ನಿಲ್ದಾಣಗಳಿಗೆ ಬಂದಳು. ಕಲಿತ ಪಾಠಗಳು ಬಹಳ ಇದ್ದವು, ಆದರೆ ಬಿಡದೆ ಉಳಿದ ಅಭ್ಯಾಸ ಹಳೆಯದೇ: ಜನರ ಹಿಂದೆ ಹೋಗುವುದು. ಗೊತ್ತಿಲ್ಲದ ಯಾರನ್ನಾದರೂ ಆರಿಸಿಕೊಂಡು, ಸ್ವಲ್ಪ ಹಿಂದೆ ಉಳಿದು, ಅವರು ಎಲ್ಲಿ ನಿಧಾನವಾಗುತ್ತಾರೆ, ಎಲ್ಲಿ ಕುತ್ತಿಗೆ ಎತ್ತುತ್ತಾರೆ, ಎಲ್ಲಿ ಒಂದು ಹೆಜ್ಜೆ ಹಿಂದಿಡುತ್ತಾರೆ ನೋಡುತ್ತ ಹೋಗುವುದು. ಇದರಲ್ಲಿ ಅವಳಿಗೆ ಮೈಮರೆವು ಎಷ್ಟೆಂದರೆ ಒಮ್ಮೆ ಹಳೆಯ ನಿಲ್ದಾಣದಲ್ಲಿ ವಯಸ್ಸಾದ ಮಹನೀಯರೊಬ್ಬರ ಹಿಂದೆ ಹೋಗಿ ಹೋಗಿ ಗಂಡಸರ ಶೌಚಾಲಯದ ಒಳಗೆ ಕಾಲಿಟ್ಟಿದ್ದಳು. ಆ ಮಹನೀಯರು ಬಹಳ ಮರ್ಯಾದೆಯಿಂದ, "ಇಲ್ಲಿಂದ ಮುಂದೆ ನಾನೇ ಹೋಗ್ತೀನಮ್ಮ" ಎಂದರಂತೆ. ಈ ಕತೆ ಆಫೀಸಿನಲ್ಲಿ ಹಬ್ಬಿ, ಮನೆಯ ಹೆಸರು ಅಲ್ಲಿಗೂ ತಾನಾಗಿಯೇ ಬಂದು ಸೇರಿತು.

ಆಫೀಸಿನಲ್ಲಿ ಇನ್ನೊಂದು ಮಾತೂ ಚಾಲ್ತಿಯಲ್ಲಿತ್ತು. ಯಾರಾದರೂ ಹೊಸ ನಕ್ಷೆ ಹರಡಿದರೆ ಅವಳು ಮೊದಲು ಕೇಳುತ್ತಿದ್ದುದು, "ಇದು ದೊಡ್ಡಮ್ಮನಿಗೆ ಆಗುತ್ತಾ?" ದೊಡ್ಡಮ್ಮ ಹೋಗಬಲ್ಲ ದಾರಿಯಲ್ಲಿ ಜಗತ್ತಿನ ಯಾರು ಬೇಕಾದರೂ ಹೋಗಬಹುದು ಎಂಬುದು ಅವಳ ಅಳತೆಗೋಲು. ಬರಬರುತ್ತ ಎಲ್ಲರೂ ಹಾಗೇ ಕೇಳತೊಡಗಿದರು. ದೀಪದವರು, ಲಿಫ್ಟಿನವರು, ಕೊನೆಗೆ ಸಾಮಾನು ಸಾಗಿಸುವ ಪಟ್ಟಿಯವರು ಕೂಡ. ಅವರಲ್ಲಿ ಹೆಚ್ಚಿನವರಿಗೆ ಈ ದೊಡ್ಡಮ್ಮ ನಿಜವಾಗಿ ಇದ್ದಾಳೆಂಬುದೇ ಗೊತ್ತಿರಲಿಲ್ಲ. ಇವತ್ತಿನ ಪರೀಕ್ಷೆಗೆ ಅವಳು ಸ್ವತಃ ಬರುತ್ತಾಳೆಂಬ ಸುದ್ದಿ ಕೇಳಿ ಬೆಳಗಿನಿಂದ ಆಫೀಸಿಗೆ ಆಫೀಸೇ ಬಾಗಿಲ ಕಡೆ ಇಣುಕುತ್ತಿತ್ತು.

ಎಲ್ಲ ಜಗಳವೂ ಈ ಒಂದು ತಿರುವಿನದು. ತಪಾಸಣೆ ಮುಗಿಸಿ ಬಂದವರು ಬೆಲ್ಟು ಕಟ್ಟಿಕೊಳ್ಳುತ್ತ, ಚಪ್ಪಲಿಗೆ ಕಾಲು ತೂರಿಸುತ್ತ ಬಂದು ನಿಲ್ಲುವ ಜಾಗ ಅದು. ಅಲ್ಲಿಂದ ವಿಮಾನ ಹತ್ತುವ ಬಾಗಿಲುಗಳು ಬಲಕ್ಕೆ, ಇತರ ಎಲ್ಲವೂ ಎಡಕ್ಕೆ. ಎದುರಿಗೆ ಗೋಡೆಯ ಬದಲು ನೆಲದಿಂದ ಮಾಡಿನವರೆಗೆ ಗಾಜು ಹಾಕಿಸಿದ್ದಳು ಅವಳು. ಗಾಜಿನಾಚೆ ನಿಂತ ವಿಮಾನಗಳ ಬಾಲಗಳು ಸಾಲಾಗಿ ಬಲಕ್ಕೆ ಸರಿಯುತ್ತ ಹೋಗುವುದು ಕಾಣಬೇಕು. ಮಾಡಿನ ಮರದ ಪಟ್ಟಿಗಳೂ ಅದೇ ಕಡೆ ಬಾಗಬೇಕು. ಬೆಳಕು ಬಂದ ಕಡೆ ಕಾಲು ತಾನಾಗಿ ತಿರುಗಬೇಕು. ಬೋರ್ಡು ಒಂದೇ, ಅದೂ ಚಿಕ್ಕದು.

ಆದರೆ ಮಳಿಗೆಗಳನ್ನು ನೋಡಿಕೊಳ್ಳುವ ಅಧಿಕಾರಿಗೆ ಆ ಜಾಗದ ಮೇಲೆ ಕಣ್ಣಿತ್ತು. ಎಲ್ಲರೂ ಅಂಗಡಿ ಸಾಹೇಬರು ಎನ್ನುತ್ತಿದ್ದ ಈ ಮನುಷ್ಯ ಕೆಟ್ಟವರೇನಲ್ಲ. ಸದಾ ಯಾವುದೋ ಅತ್ತರಿನ ಮಾದರಿ ಹಚ್ಚಿಕೊಂಡು ಘಮಘಮ ಎನ್ನುತ್ತ ಓಡಾಡುವ, ಬೆಣ್ಣೆಯಂಥ ಮಾತಿನ ಆಸಾಮಿ. ಗಾಜಿಗೆ ಅಡ್ಡಲಾಗಿ ಉದ್ದನೆಯ ಮಳಿಗೆ ಹಾಕೋಣ, ದಾರಿ ಅದರೊಳಗೇ ಬಳುಕುತ್ತ ಹೋಗಲಿ, ತಲೆಯ ಮೇಲೆ ಬೇಕಾದಷ್ಟು ಬಾಣ ಹಾಕಿಕೋ ಎಂದು ಅವರ ವಾದ. "ಜನ ಸ್ವಲ್ಪ ದಾರಿ ತಪ್ಪಬೇಕಮ್ಮ. ದಾರಿ ತಪ್ಪಿದಾಗಲೇ ಅಲ್ವಾ ಕೈ ಜೇಬಿಗೆ ಹೋಗೋದು" ಎಂದು ನಗುತ್ತಿದ್ದರು. ಅವಳು ಜಪ್ಪಯ್ಯ ಅಂದರೂ ಒಪ್ಪಲಿಲ್ಲ. ತಿಂಗಳುಗಟ್ಟಲೆ ಹಗ್ಗಜಗ್ಗಾಟ ನಡೆದು, ಕೊನೆಗೆ ಮುಖ್ಯ ಇಂಜಿನಿಯರರು ಚಹಾದ ಲೋಟ ಕೆಳಗಿಟ್ಟು ತೀರ್ಮಾನ ಹೇಳಿದ್ದರು. ಪರೀಕ್ಷೆಯ ದಿನ ಜನ ಆ ತಿರುವನ್ನು ನಿಲ್ಲದೆ ದಾಟಿದರೆ ಕಿಟಕಿ ಉಳಿಯುತ್ತದೆ. ನಿಂತರೆ ಮಳಿಗೆ ಬರುತ್ತದೆ. ಅದಾದ ಮೇಲೆ ಇಬ್ಬರೂ ತುಟಿ ಪಿಟಕ್ಕೆನ್ನಬಾರದು.

ಈಗ ಜನ ನಿಲ್ಲುತ್ತಿದ್ದರು. ಒಬ್ಬಿಬ್ಬರಲ್ಲ, ಬಂದವರೆಲ್ಲ.

ಗಾಜಿನಾಚೆ ಬಾಲಗಳು ಸಾಲಾಗಿಯೇ ಇದ್ದವು. ಬೆಳಗಿನ ಬಿಸಿಲು ನೆಲದ ಮೇಲೆ ಹಾಸಿತ್ತು, ಅವಳು ನಕ್ಷೆಯಲ್ಲಿ ಬರೆದಂತೆಯೇ ಬಲಕ್ಕೆ ವಾಲಿಕೊಂಡು. ಇಷ್ಟು ಸ್ಪಷ್ಟವಾದದ್ದು ಇವರಿಗೆ ಕಾಣುತ್ತಿಲ್ಲವೇ? ಗಮನಿಸಿ ಎಣಿಸಲೆಂದು ಅವಳೇ ನಿಲ್ಲಿಸಿದ್ದ ಜೊತೆಗಾರರು ಹಳದಿ ಜಾಕೆಟ್ಟು ತೊಟ್ಟು ತಿರುವಿನ ಸುತ್ತ ಕಾವಲುಗಾರರಂತೆ ನಿಂತಿದ್ದರು. ಒಬ್ಬ ಪ್ರಯಾಣಿಕ ನಿಂತಾಗಲೆಲ್ಲ ಕೈಯಲ್ಲಿದ್ದ ಎಣಿಸುವ ಯಂತ್ರವನ್ನು ಟಿಕ್ ಎನಿಸುತ್ತಿದ್ದರು. ಟಿಕ್, ಟಿಕ್, ಟಿಕ್. ಆ ಸದ್ದು ಅವಳ ತಲೆಯ ಮೇಲೆ ಸುತ್ತಿಗೆಯಿಂದ ಹೊಡೆದಂತಿತ್ತು.

ಅಂಗಡಿ ಸಾಹೇಬರು ಪಕ್ಕಕ್ಕೆ ಬಂದು ನಿಂತರು. ಗೆದ್ದೆನೆಂಬ ಬಿಗುಮಾನ ಅವರ ಮುಖದಲ್ಲಿರಲಿಲ್ಲ, ಬದಲಿಗೆ ಸಾವಿನ ಮನೆಗೆ ಬಂದವರ ಮೆದು ದನಿ ಇತ್ತು. ಇರಲಿ ಬಿಡಮ್ಮ, ನಿನ್ನ ಗಾಜಿನ ಒಂದು ಮೂಲೆ ಕಾಣುವಂತೆ ಕಪಾಟು ಇಡಿಸೋಣ ಎಂದರು. ಎನ್ನುತ್ತಲೇ ಎರಡೂ ಕೈ ಚಾಚಿ ಗಾಜಿನ ಅಗಲವನ್ನು ಗಾಳಿಯಲ್ಲೇ ಅಳೆದುಕೊಂಡರು.

ಆಗ ತಪಾಸಣೆಯ ಕಡೆಯಿಂದ ಇನ್ನೊಂದು ಗಾಲಿಯ ಸದ್ದು ಕೇಳಿಸಿತು. ಒಂದು ಗಾಲಿ ಸ್ವಲ್ಪ ಸೊಟ್ಟಗಿದ್ದು ಕೀಚ್ ಕೀಚ್ ಎನ್ನುತ್ತಿದ್ದ ಪೆಟ್ಟಿಗೆ. ಹಿಂದೆ ಮೊಣಕೈಯಲ್ಲಿ ಕೈಚೀಲ ತೂಗಿಸಿಕೊಂಡು, ಕನ್ನಡಕವನ್ನು ಹಣೆಯ ಮೇಲೆ ಏರಿಸಿಕೊಂಡು ದೊಡ್ಡಮ್ಮ ಬಂದಳು.

ಕಂಬಗಳ ಹಿಂದೆ, ಮೆಟ್ಟಿಲ ಮೇಲೆ ಕೆಲಸದವರೆಲ್ಲ ಕುತ್ತಿಗೆ ಉದ್ದ ಮಾಡಿದರು. ಇವರೇನಾ, ಇವರೇನಾ ಎಂಬ ಪಿಸುಮಾತು ಹರಿದಾಡಿತು. ದೊಡ್ಡಮ್ಮ ಯಾರನ್ನೂ ಗಮನಿಸಲಿಲ್ಲ. ಅವಳು ಬೋರ್ಡು ಓದಲಿಲ್ಲ. ಬೆಳಕಿನ ಕಡೆ ಮುಖ ಮಾಡಿ, ಬಾಲಗಳ ಸಾಲನ್ನು ನೋಡಿ, ಬಲಗಡೆಗೆ ವಾಲಿ, ತನ್ನ ಪಾಡಿಗೆ ತಾನು ನಡೆದು ಬಂದಳು. ಇನ್ನೇನು ತಿರುವು ದಾಟಿಯೇ ಬಿಡುತ್ತಾಳೆ ಎನ್ನುವಾಗ ಕೀಚ್ ಕೀಚ್ ನಿಂತಿತು.

ಟಿಕ್, ಎಂದಿತು ಹಳದಿ ಜಾಕೆಟ್ಟು.

"ಯಾಕೆ ದೊಡ್ಡಮ್ಮ" ಎಂದಳು ಅವಳು. "ಯಾಕೆ ನಿಂತೆ? ಎಲ್ಲಿಗೆ ಹೋಗ್ಬೇಕು ಅಂತ ಗೊತ್ತಾಗ್ಲಿಲ್ವಾ?"

ದೊಡ್ಡಮ್ಮ ಕನ್ನಡಕವನ್ನು ಮೂಗಿಗೆ ಇಳಿಸಿ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಅಲ್ಲ ಪುಟ್ಟಿ, ನೀನಿಲ್ಲಿ ಮುಖ ಸಪ್ಪಗೆ ಮಾಡ್ಕೊಂಡು ನಿಂತಿದ್ದೀಯ. ಕಂಡೂ ಕಾಣದ ಹಾಗೆ ಹೋಗೋಕಾಗುತ್ತಾ?"

"ನಾನಿಲ್ಲಿ ಇರದಿದ್ದರೆ?"

"ಹೋಗ್ತಿದ್ದೆ. ವಿಮಾನ ಅಲ್ಲೇ ಕಾಣ್ತಿದೆಯಲ್ಲ" ಎಂದು ಬಲಕ್ಕೆ ಗದ್ದ ತೋರಿಸಿದಳು ದೊಡ್ಡಮ್ಮ. ಆಮೇಲೆ ದನಿ ತಗ್ಗಿಸಿ, "ಈ ಜಾಕೆಟ್ಟು ಹೊಲಿದೋರು ಯಾರು? ಭುಜ ಎಲ್ಲಿಗೋ ಹೋಗಿದೆ" ಎಂದಳು.

ಬಾಲಂಗೋಚಿ ತನ್ನ ಮೈಮೇಲಿನ ಹಳದಿ ಜಾಕೆಟ್ಟನ್ನು ನೋಡಿಕೊಂಡಳು. ಕುತ್ತಿಗೆಯಲ್ಲಿ ಗುರುತಿನ ಚೀಟಿ. ಮತ್ತೆ ಸುತ್ತ ನೋಡಿದಳು. ಎಡಕ್ಕೊಂದು ಜಾಕೆಟ್ಟು, ಬಲಕ್ಕೊಂದು, ಗಾಜಿನ ಮುಂದೆಯೇ ಎರಡು. ನಿಂತ ಜನರಲ್ಲಿ ಒಬ್ಬರೂ ತಲೆ ಎತ್ತಿ ಬೋರ್ಡು ಹುಡುಕುತ್ತಿರಲಿಲ್ಲ! ಎಲ್ಲರೂ ಜಾಕೆಟ್ಟುಗಳ ಹತ್ತಿರ ನಿಂತು ಟಿಕೆಟ್ಟು ಚಾಚುತ್ತಿದ್ದರು. ಕುತ್ತಿಗೆಗೆ ಚೀಟಿ ಹಾಕಿಕೊಂಡು, ತಮ್ಮ ಮುಖವನ್ನೇ ಕಣ್ಣಲ್ಲಿ ಕಣ್ಣಿಟ್ಟು ನೋಡುವ ಮನುಷ್ಯ ದಾರಿಗಡ್ಡ ನಿಂತಿದ್ದರೆ ಯಾರು ತಾನೇ ನಿಲ್ಲದೆ ಹೋದಾರು? ಕೇಳದೆ ಹೋದರೆ ಏನಂದುಕೊಳ್ಳುತ್ತಾರೋ ಎಂದು ದಾರಿ ಗೊತ್ತಿದ್ದವರೂ ಕೇಳುತ್ತಿದ್ದರು. ಯಾರು ಯಾರು ನಿಲ್ಲುತ್ತಾರೆಂದು ಎಣಿಸಲು ನಿಂತವರೇ ಎಲ್ಲರನ್ನೂ ನಿಲ್ಲಿಸುತ್ತಿದ್ದರು.

ಬೀರು. ಕಿಟಕಿಗೆ ಅಡ್ಡವಾಗಿ ನಿಂತ ಬೀರು ಎಂದರೆ ತಾವೇ!

ಮೊದಲು ನಗು ಬಂತು. ಆಮೇಲೆ ಮೈಯಲ್ಲಿ ಮಿಂಚು ಹರಿದಂತಾಗಿ ಅವಳು ಮುಖ್ಯ ಇಂಜಿನಿಯರರ ಕಡೆ ಓಡಿದಳು. ಅವರಿಗೆ ಏನು ಹೇಳಿದಳೋ, ಅರ್ಧ ಮಾತು ನುಂಗಿ, ಅರ್ಧ ಕೈಯಲ್ಲಿ ತೋರಿಸಿ, ಅಂತೂ ಅವರು ಚಹಾದ ಲೋಟವನ್ನು ತುಟಿಯ ಹತ್ತಿರವೇ ಹಿಡಿದುಕೊಂಡು ಪೂರ್ತಿ ಕೇಳಿದರು. ಅಂಗಡಿ ಸಾಹೇಬರು ಇದು ಅನ್ಯಾಯ, ಪರೀಕ್ಷೆಯಲ್ಲಿ ಫೇಲಾದವಳು ಮೇಷ್ಟ್ರನ್ನು ಹೊರಗೆ ಕಳಿಸಿ ಅಂದಹಾಗಾಯಿತು ಎಂದರು. ಸುತ್ತ ಇದ್ದವರು ನಕ್ಕರು, ಅವಳೂ ನಕ್ಕಳು. ಆದರೆ ಮುಖ್ಯ ಇಂಜಿನಿಯರರು ನಗಲಿಲ್ಲ. ನಿಲ್ದಾಣ ತೆರೆದ ಮೇಲೆ ಇಲ್ಲಿ ಜಾಕೆಟ್ಟಿನವರು ನಿಂತಿರುತ್ತಾರೆಯೇ ಎಂದು ಕೇಳಿದರು. ಇಲ್ಲ ಎಂದಳು. ಹಾಗಾದರೆ ಈಗಲೂ ಬೇಡ, ಮಧ್ಯಾಹ್ನದ ಗುಂಪು ಬರಲಿ, ಆದರೆ ಇದೇ ಕೊನೆ ಎಂದರು.

ಮಧ್ಯಾಹ್ನದವರೆಗೆ ಅವಳ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಜಾಕೆಟ್ಟುಗಳೆಲ್ಲ ಒಂದು ಮೂಲೆಯಲ್ಲಿ ರಾಶಿ ಬಿದ್ದವು. ದೊಡ್ಡಮ್ಮ ಅದರಿಂದ ಒಂದನ್ನೆತ್ತಿ ಹೊಲಿಗೆ ಪರೀಕ್ಷಿಸುತ್ತ ಲೊಚಗುಟ್ಟಿದಳು. ಎಣಿಸುವವರನ್ನು ಕುರ್ಚಿಗಳಲ್ಲಿ ಅಲ್ಲಲ್ಲಿ ಚದುರಿಸಿ ಕೂರಿಸಲಾಯಿತು. ಒಬ್ಬಳಿಗೆ ಪತ್ರಿಕೆ, ಇನ್ನೊಬ್ಬನಿಗೆ ಖಾಲಿ ಲೋಟ, ಮತ್ತೊಬ್ಬ ಬಾಯಿ ತೆರೆದು ನಿದ್ದೆ ಮಾಡುವ ಪಾತ್ರ ಕೇಳಿ ಪಡೆದ. ಟಿಕ್ ಸದ್ದು ಕೇಳದಂತೆ ಯಂತ್ರಗಳನ್ನು ಜೇಬಿಗೆ ಹಾಕಿಕೊಂಡರು. ದೊಡ್ಡಮ್ಮನೂ ಮತ್ತೆ ನಡೆಯುತ್ತೇನೆಂದು ಹಟ ಹಿಡಿದಳು. ಒಮ್ಮೆ ನಡೆದ ದಾರಿ ಅಲ್ಲವೇ ಎಂದು ಯಾರೋ ಆಕ್ಷೇಪಿಸಿದರು. ದೊಡ್ಡಮ್ಮನಿಗೆ ಒಮ್ಮೆ ನಡೆದ ದಾರಿ ಎಂಬುದೇ ಇಲ್ಲ, ಎಲ್ಲವೂ ಪ್ರತಿ ಸಲ ಹೊಸದು ಎಂದು ಬಾಲಂಗೋಚಿ ಜಾಮೀನು ನಿಂತಳು. ದೊಡ್ಡಮ್ಮ ಅದನ್ನು ಹೊಗಳಿಕೆಯೆಂದೇ ಸ್ವೀಕರಿಸಿ ತಲೆಯಾಡಿಸಿದಳು.

ಗುಂಪನ್ನು ಒಳಗೆ ಬಿಟ್ಟರು. ಬಾಲಂಗೋಚಿ ಕಂಬದ ಹಿಂದೆ, ಯಾರಿಗೂ ಕಾಣದಂತೆ ನಿಂತಳು. ಕಣ್ಣು ಮುಚ್ಚಿದಳು.

ಗರಗರ. ದೂರದಲ್ಲಿ ಒಂದು. ಹೊಳಪು ಕಲ್ಲು ಮುಟ್ಟಿತು. ಸರಸರ. ಹತ್ತಿರವಾಯಿತು, ಮುಂದಾಯಿತು, ಬಲಕ್ಕೆ ಹೊರಳಿತು, ಸಣ್ಣದಾಗುತ್ತ ಹೋಯಿತು. ಅವಳು ಕಣ್ಣು ತೆರೆಯಲಿಲ್ಲ, ತೆರೆದರೆ ದೃಷ್ಟಿ ತಾಗೀತೆಂಬ ಹೆದರಿಕೆ. ಇನ್ನೊಂದು ಬಂತು, ಭಾರದ ಪೆಟ್ಟಿಗೆ, ಹೋಯಿತು. ಆಮೇಲೆ ಎರಡು ಒಟ್ಟಿಗೆ, ಗಂಡ ಹೆಂಡತಿ ಇರಬೇಕು, ಸುಳ್ಳು ಪ್ರಯಾಣದಲ್ಲೂ ನಿಜವಾದ ಜಗಳವಾಡುತ್ತ, ಮನೆಯ ಗ್ಯಾಸು ಆರಿಸಿದ್ದು ಯಾರು ಎಂದು ಚರ್ಚಿಸುತ್ತ ತಿರುವು ದಾಟಿ ಹೋದರು. ತಿರುವು ದಾಟಿದ್ದು ಅವರಿಗೆ ಗೊತ್ತೇ ಆಗಲಿಲ್ಲ! ಅದಕ್ಕಿಂತ ದೊಡ್ಡ ಬಹುಮಾನ ಅವಳಿಗೆ ಬೇಕಿರಲಿಲ್ಲ. ಗಾಲಿಗಳು ಈಗ ಒಂದರ ಹಿಂದೊಂದು ಬರುತ್ತಿದ್ದವು, ಸೋನೆ ಮಳೆ ಹಿಡಿದಂತೆ, ಎಲ್ಲೂ ಕಡಿಯದೆ. ಕಂಬಕ್ಕೆ ಆನಿಸಿದ ಬೆನ್ನಿಗೆ ಆ ಸದ್ದಿನ ಕಂಪನ ತಾಗುತ್ತಿತ್ತು. ತನ್ನ ಎದೆಯೇ ಉರುಳುತ್ತ ಹೋಗುತ್ತಿದೆ ಎನಿಸಿತು ಅವಳಿಗೆ.

ನಡುವೆ ಒಂದು ನಿಂತಿತು. ಅವಳು ಕಣ್ಣು ಬಿಟ್ಟಳು. ತಾಯಿಯೊಬ್ಬಳು ಪೆಟ್ಟಿಗೆ ಬಿಟ್ಟು, ಮಗುವನ್ನೆತ್ತಿ ಗಾಜಿಗೆ ಹಿಡಿದಿದ್ದಳು. ಮಗು ಅಂಗೈ ಎರಡನ್ನೂ ಗಾಜಿಗೆ ಒತ್ತಿ ವಿಮಾನಕ್ಕೆ ಏನೋ ಹೇಳುತ್ತಿತ್ತು. ಅವರು ನಿಂತದ್ದು ದಾರಿಯಿಂದ ಆಚೆಗೆ, ಬೆಳಕಿನ ಮಡಿಲಲ್ಲಿ. ಜನ ಅವರನ್ನು ಬಳಸಿ ಹರಿದು ಹೋಗುತ್ತಿದ್ದರು. ಪತ್ರಿಕೆ ಹಿಡಿದಿದ್ದ ಜೊತೆಗಾರ್ತಿ ಇದನ್ನು ಎಣಿಸಬೇಕೇ ಬೇಡವೇ ಎಂಬಂತೆ ಇವಳ ಕಡೆ ನೋಡಿದಳು. ಎಣಿಸು ಎಂದು ಇವಳು ತಲೆಯಾಡಿಸಿದಳು. ನಿಂತದ್ದು ನಿಂತದ್ದೇ. ಅದಕ್ಕೆ ಅಂಜುವ ಕಾಲ ಕಳೆದಿತ್ತು.

ಎಲ್ಲರ ಕೊನೆಗೆ ಕೀಚ್ ಕೀಚ್ ಬಂತು. ಕಂಬದ ಹಿಂದೆ ಅವಳು ತುಟಿ ಕಚ್ಚಿ ಹಿಡಿದಳು. ನಿದ್ದೆಯ ಪಾತ್ರಧಾರಿ ಒಂದು ಕಣ್ಣು ತೆರೆದ. ದೊಡ್ಡಮ್ಮ ಬೆಳಕಿಗೆ ಮುಖ ಕೊಟ್ಟಳು, ಕೈಚೀಲವನ್ನು ಒಂದು ಮೊಣಕೈಯಿಂದ ಇನ್ನೊಂದಕ್ಕೆ ಬದಲಿಸಿಕೊಂಡಳು, ಬಲಕ್ಕೆ ವಾಲಿದಳು, ಹೋದಳು. ಕೀಚ್ ಕೀಚ್ ದೂರವಾಯಿತು. ಸ್ವಲ್ಪ ಹೊತ್ತಿಗೆ ಆ ಕಡೆಯಿಂದ ಚಪ್ಪಾಳೆ ಕೇಳಿಸಿತು. ದೊಡ್ಡಮ್ಮ ತನ್ನ ಟಿಕೆಟ್ಟಿನ ಬಾಗಿಲಿನ ಮುಂದೆಯೇ ಹೋಗಿ ಕುರ್ಚಿಯಲ್ಲಿ ಕೂತಿದ್ದಳು. ಅಲ್ಲಿ ಕಾದಿದ್ದ ದೀಪದವರು, ಲಿಫ್ಟಿನವರು ಎದ್ದು ನಿಂತು ಚಪ್ಪಾಳೆ ತಟ್ಟುತ್ತಿದ್ದರು. ಯಾಕೆ ತಟ್ಟುತ್ತಿದ್ದಾರೆಂದು ತಿಳಿಯದಿದ್ದರೂ ಅವಳು ತಾನೂ ತಟ್ಟಿದಳಂತೆ.

ಬಾಲಂಗೋಚಿ ಹಿಗ್ಗಿ ಹೀರೇಕಾಯಿಯಾದಳು. ನಗುತ್ತಿದ್ದಳೋ ಅಳುತ್ತಿದ್ದಳೋ ಅವಳಿಗೇ ಗೊತ್ತಿರಲಿಲ್ಲ.

ಎಣಿಕೆ ನೋಡಿ ಮುಗಿದ ಮೇಲೆ ಮುಖ್ಯ ಇಂಜಿನಿಯರರು ಹೊಸ ಲೋಟದಲ್ಲಿ ಹೊಸ ಚಹಾ ಹಿಡಿದು ತಿರುವಿಗೆ ಬಂದರು. ಅಂಗಡಿ ಸಾಹೇಬರೂ ಜೊತೆಗಿದ್ದರು. ಸೋತವರ ಮುಖವಲ್ಲ ಅದು. ಆ ಮನುಷ್ಯನ ತಲೆ ಆಗಲೇ ಬೇರೆಡೆ ಓಡುತ್ತಿತ್ತು.

"ಕಿಟಕಿ ಉಳೀತು" ಎಂದರು ಮುಖ್ಯ ಇಂಜಿನಿಯರರು. ಅವರ ಮಾತು ಯಾವಾಗಲೂ ಅಷ್ಟೇ.

"ಆ ಮಗು ನೋಡಿದೆಯಾ" ಎಂದರು ಅಂಗಡಿ ಸಾಹೇಬರು. "ಗಾಜಿಗೆ ಅಂಟಿಕೊಂಡು ಬಿಟ್ಟಿತ್ತು. ಅಂಥೋರಿಗೆ ಅಲ್ಲಿ ಪಕ್ಕದಲ್ಲಿ, ದಾರಿಗೆ ಅಡ್ಡ ಬರದ ಹಾಗೆ, ನಾಲ್ಕು ಕುರ್ಚಿ. ಕುರ್ಚಿ ಹಿಂದೆ ಸಣ್ಣದೊಂದು ಕಾಫಿ ಮಳಿಗೆ. ದಾರಿ ತಪ್ಪಿದೋರ ಜೇಬು ಬೇಡ ಕಣಮ್ಮ, ಖುಷಿಯಾಗಿ ನಿಂತೋರ ಜೇಬೇ ಸಾಕು ನನಗೆ."

ಅವಳಿಗೆ ನಗು ಉಕ್ಕಿತು. ಈ ಮಾತನ್ನು ಮೊದಲೇ ಆಡಿದ್ದರೆ ತಿಂಗಳುಗಟ್ಟಲೆ ಜಗಳ ತಪ್ಪುತ್ತಿತ್ತಲ್ಲ ಎಂದಳು. ಜಗಳ ಇಲ್ಲದಿದ್ದರೆ ನಿನ್ನ ದೊಡ್ಡಮ್ಮನ ದರ್ಶನ ನಮಗೆಲ್ಲಿ ಆಗುತ್ತಿತ್ತು ಎಂದರು ಅವರು. ಮುಖ್ಯ ಇಂಜಿನಿಯರರು ಗಂಟಲು ಸರಿಮಾಡಿಕೊಂಡರು. ಮುಂದಿನ ವರ್ಷ ಇನ್ನೊಂದು ನಿಲ್ದಾಣದ ಕೆಲಸ ಬರುವುದಿದೆ, ಇದಕ್ಕಿಂತ ದೊಡ್ಡದು, ದಾರಿಗಳ ಜವಾಬ್ದಾರಿ ಪೂರ್ತಿಯಾಗಿ ನಿನಗೇ ಕೊಡಬೇಕೆಂದಿದ್ದೇನೆ ಎಂದು ಶುರುಮಾಡಿದರು. ಅವರು ಒಂದೇ ಉಸಿರಿಗೆ ಅಷ್ಟು ಮಾತಾಡಿದ್ದನ್ನು ಯಾರೂ ಕೇಳಿರಲಿಲ್ಲ. ಅವಳ ಕಣ್ಣು ಅರಳಿತು.

"ಆದರೆ ಒಂದು ಮಾತು" ಎಂದರು. "ಅಲ್ಲಿ ಜಾಗ ಇಕ್ಕಟ್ಟು, ಮೂರು ಅಂತಸ್ತು. ನೀನು ಮೊದಲು ಯೋಚನೆ ಮಾಡಬೇಕಾದ್ದು..."

ಆ ಹೊತ್ತಿಗೆ ಸರಿಯಾಗಿ, ಬಾಗಿಲುಗಳ ಸಾಲಿನ ಆಚೆ, ಹೆಂಗಸರ ಶೌಚಾಲಯದಿಂದ ದೊಡ್ಡಮ್ಮ ಹೊರಬಂದಳು. ಕೈ ಒರೆಸಿಕೊಂಡಳು. ಎಡಕ್ಕೆ ನೋಡಿದಳು, ಬಲಕ್ಕೆ ನೋಡಿದಳು. ಎರಡೂ ಕಡೆ ಒಂದೇ ಬಣ್ಣದ ಗೋಡೆ, ಒಂದೇ ಎತ್ತರದ ದೀಪ. ಅಲ್ಲಿಂದ ಗಾಜು ಕಾಣುತ್ತಿರಲಿಲ್ಲ. ಕೀಚ್ ಎಂದಿತು ಪೆಟ್ಟಿಗೆ, ನಿಂತಿತು, ಮತ್ತೆ ಕೀಚ್ ಎಂದಿತು. ದೊಡ್ಡಮ್ಮ ಬಹಳ ಧೈರ್ಯವಾಗಿ, ತನ್ನ ವಿಮಾನಕ್ಕೆ ಬೆನ್ನು ಹಾಕಿ, ಸಾಮಾನು ಇಳಿಸುವ ಕೋಣೆಗಳ ಕಡೆ ನಡೆಯತೊಡಗಿದಳು.

ಇದು ನಕ್ಷೆಯಲ್ಲಿ ಯಾರಿಗೂ ಹೊಳೆದಿರಲಿಲ್ಲ. ಬಾಲಂಗೋಚಿಗೂ.

"...ಮೊದಲ ಅಂತಸ್ತಿನ ತಿರುವು" ಎನ್ನುತ್ತಿದ್ದರು ಮುಖ್ಯ ಇಂಜಿನಿಯರರು. "ಅಲ್ಲಿ ಬೆಳಕು ಎಲ್ಲಿಂದ ತರ್ತೀಯ ಅನ್ನೋದೇ..."

ಕೇಳಬೇಕಾದವಳು ಪಕ್ಕದಲ್ಲಿ ಇರಲಿಲ್ಲ. ಬಾಲಂಗೋಚಿ ಸದ್ದಾಗದಂತೆ ಹೆಜ್ಜೆಯಿಡುತ್ತ, ಕೂಗದೆ, ಕೈಹಿಡಿದು ತಿರುಗಿಸದೆ, ಸ್ವಲ್ಪ ಹಿಂದೆಯೇ ಉಳಿದು, ದೊಡ್ಡಮ್ಮ ಎಲ್ಲಿ ನಿಧಾನವಾಗುತ್ತಾಳೆ, ಎಲ್ಲಿ ಕುತ್ತಿಗೆ ಎತ್ತುತ್ತಾಳೆ ಎಂದು ನೋಡುತ್ತ ಆಗಲೇ ಅವಳ ಹಿಂದೆ ಹೊರಟುಹೋಗಿದ್ದಳು.